ಬಿಶ್ಯಾಳ ಮನೆಯ ಮೆಟ್ಟಿಲುಗಳು

ಚಿಯಾಯಿ ರೈಲು ನಿಲ್ದಾಣದ ಹಿಂದಿನ ನಮ್ಮ ಓಣಿಯಲ್ಲಿ ಎಲ್ಲರಿಗಿಂತ ಮೊದಲು ಬಾಗಿಲು ತೆರೆಯುವುದು ಬಿಶ್ಯಾಳ ತಿಂಡಿ ಅಂಗಡಿ. ಬೆಳಕು ಹರಿಯುವಷ್ಟರಲ್ಲಿ ಅವಳ ಕಾವಲಿ ಕಾದಿರುತ್ತದೆ, ಸೋಯಾ ಹಾಲಿನ ಹಂಡೆಯಿಂದ ಹಬೆ ಏಳುತ್ತಿರುತ್ತದೆ. ಅಂಗಡಿಗೆ ಬರುವ ಹೆಂಗಸರೆಲ್ಲರೂ ಅವಳಿಗೆ ‘ಸುಂದರಿ’, ಗಂಡಸರೆಲ್ಲರೂ ‘ಸುಂದರಾಂಗ’. ನಮ್ಮ ಕಡೆಯ ತಿಂಡಿ ಅಂಗಡಿಗಳ ಹೆಂಗಸರೆಲ್ಲ ಹೀಗೆಯೇ ಕರೆಯುವುದಾದರೂ ಬಿಶ್ಯಾ ಕರೆದರೆ ಅದು ನಿಜವೆಂದೇ ಅನ್ನಿಸುತ್ತದೆ. ಎಂಬತ್ತು ದಾಟಿದ ನನ್ನನ್ನೂ ಅವಳು ಬಿಟ್ಟಿಲ್ಲ.

“ಬನ್ನಿ ಸುಂದರಾಂಗ ಮೇಷ್ಟ್ರೇ, ಹಲ್ಲಿಗೆ ಮೆತ್ತಗಿರೋ ಹಾಗೆ ಮೂಲಂಗಿ ಕಡುಬು ಹಾಕ್ಲಾ?”

“ಹಲ್ಲಿದ್ರೆ ತಾನೇ ಮೆತ್ತಗೆ, ಗಟ್ಟಿ? ಹಾಕಮ್ಮ.”

ಐದನೆಯ ತರಗತಿಯಲ್ಲಿ ಅವಳು ನನ್ನ ವಿದ್ಯಾರ್ಥಿನಿಯಾಗಿದ್ದಳು. ಬಾಯಿಲೆಕ್ಕದಲ್ಲಿ ಅವಳನ್ನು ಮೀರಿಸುವವರು ತರಗತಿಯಲ್ಲಿ ಯಾರೂ ಇರಲಿಲ್ಲ. ಇಂದಿಗೂ ಎಂಟು ಜನರ ತಿಂಡಿಯ ದುಡ್ಡನ್ನು ಕೈಯಲ್ಲಿ ರೊಟ್ಟಿ ಮಗುಚುತ್ತಲೇ ಕೂಡಿ ಹೇಳುತ್ತಾಳೆ; ಒಂದು ಯುವಾನ್ ಹೆಚ್ಚುಕಡಿಮೆಯಾದದ್ದನ್ನು ನಾನು ಕಂಡಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಮುಂದಿನದನ್ನು ಓದಿ, ಲೆಕ್ಕ ಬಾರದ ಹೆಂಗಸು, ಮೋಸ ಹೋದಳು ಎಂದು ಯಾರಾದರೂ ತುಟಿ ಕೊಂಕಿಸಿದರೆ ನನಗೆ ಸಹಿಸಲಾಗುವುದಿಲ್ಲ.

ಅವಳ ಅಂಗಡಿ ಮೂರು ಅಂತಸ್ತಿನ ಕಿರಿದಾದ ಮನೆಯ ಕೆಳಭಾಗ. ಬಹಳ ವರ್ಷ ಅವಳೂ ಅವಳ ಗಂಡ ಜಿನ್‌ಫಾನೂ ಅಲ್ಲಿ ಬಾಡಿಗೆಗಿದ್ದರು. ಜಿನ್‌ಫಾ ಮೀನಿನ ಮೇವು ಸಾಗಿಸುವ ಲಾರಿಯ ಚಾಲಕ. ಮಾತು ಕಡಿಮೆ, ಊಟ ಜಾಸ್ತಿ, ಒಳ್ಳೆಯ ಮನುಷ್ಯ. ಮನೆಯ ಯಜಮಾನ ಮನೆಯನ್ನು ಮಾರುತ್ತೇನೆಂದಾಗ ಅದನ್ನು ಇವರೇ ಕೊಳ್ಳುವಂತೆ ಮಾಡಿದವನು ಗುವೊ ಎಂಬ ದಲ್ಲಾಳಿ. ಮನೆ ಕೊಡಿಸುವುದೂ ಅದಕ್ಕೆ ಬ್ಯಾಂಕಿನಲ್ಲಿ ಸಾಲ ಹೊಂದಿಸುವುದೂ ಅವನ ಕಸುಬು. ದಿನಾ ಬೆಳಿಗ್ಗೆ ಬಿಶ್ಯಾಳ ಅಂಗಡಿಯಲ್ಲೇ ಎರಡು ಮೊಟ್ಟೆಯ ರೊಟ್ಟಿ ತಿನ್ನುತ್ತಿದ್ದ. ಇಸ್ತ್ರಿ ಮಾಡಿದ ಅಂಗಿ, ಬಾಯಿತುಂಬ ‘ಅಕ್ಕಾ, ಅಕ್ಕಾ’.

“ತಿಂಗಳಿಗೆ ಹನ್ನೆರಡು ಸಾವಿರ ಬಾಡಿಗೆ ಸುರೀತಿದೀರಲ್ಲಕ್ಕ, ಅದು ಮೋರಿಗೆ ಹೋದ ಹಾಗೆ. ಅದೇ ದುಡ್ಡನ್ನ ಬ್ಯಾಂಕಿಗೆ ಕಟ್ಟಿ, ಮನೆ ನಿಮ್ದು. ಮೊದಲ ಮೂರು ವರ್ಷ ರಿಯಾಯಿತಿ ಬೇರೆ ಕೊಡ್ತಾರೆ, ಕಂತು ಹಗುರ.”

ಮನೆಯ ಬೆಲೆ ತೊಂಬತ್ತು ಲಕ್ಷ. ಬಿಶ್ಯಾಳ ತಾಯಿ ಕೊಟ್ಟಿದ್ದ ಬಂಗಾರ, ಇಬ್ಬರ ಜೀವಮಾನದ ಉಳಿತಾಯ ಎಲ್ಲ ಸೇರಿಸಿ ಇಪ್ಪತ್ತು ಲಕ್ಷ ಮುಂಗಡ ಕೊಟ್ಟರು. ಉಳಿದ ಎಪ್ಪತ್ತು ಲಕ್ಷ ಬ್ಯಾಂಕಿನ ಸಾಲ, ಮೂವತ್ತು ವರ್ಷದ್ದು.

ಬಿಶ್ಯಾಳಿಗೆ ಮನೆ ಬೇಕಾಗಿದ್ದದ್ದು ಅಂಗಡಿಗಾಗಿ ಮಾತ್ರವಲ್ಲ. ಜಿನ್‌ಫಾನ ಹುಟ್ಟೂರು ಸಮುದ್ರದಂಚಿನ ಬುದಾಯ್. ಹಿರಿಯರ ಪೀಠ, ಅಂದರೆ ತೀರಿಕೊಂಡ ಮಾವನ ಹೆಸರಿನ ಮರದ ಫಲಕವಿಟ್ಟು ಪೂಜಿಸುವ ಮೇಜು, ಅಲ್ಲಿ ಅಣ್ಣನ ಮನೆಯಲ್ಲಿತ್ತು. ನೆಲ ಕುಸಿದ ಊರು. ಚಂಡಮಾರುತ ಬಂದಾಗಲೆಲ್ಲ ಉಪ್ಪುನೀರು ಮನೆಯೊಳಕ್ಕೆ ನುಗ್ಗುತ್ತಿತ್ತು. ಆಗೆಲ್ಲ ಫಲಕದಲ್ಲಿದ್ದ ಮಾವನನ್ನು ಎತ್ತಿ ಬಟ್ಟೆಯ ಬೀರುವಿನ ನೆತ್ತಿಯ ಮೇಲೆ, ಹಳೆಯ ಹೊದಿಕೆಗಳ ನಡುವೆ ಕೂರಿಸುತ್ತಿದ್ದರು. ಅತ್ತೆಗೆ ಇದೊಂದು ಕೊರಗಾಗಿತ್ತು. “ಬದುಕಿರೋ ತನಕ ಉಪ್ಪುನೀರಲ್ಲೇ ದುಡಿದ್ರು. ಸತ್ತ ಮೇಲಾದ್ರೂ ಒಣಗಿದ ಜಾಗದಲ್ಲಿ ಕೂತ್ಕೊಳ್ಳಲಿ ಕಣೇ” ಎನ್ನುತ್ತಿದ್ದರಂತೆ. ಮನೆ ಕೊಂಡ ದಿನವೇ ಬಿಶ್ಯಾ ಅತ್ತೆಗೆ ಮಾತು ಕೊಟ್ಟಳು: ಮೇಲಿನ ಅಂತಸ್ತಿನ ಕೋಣೆಯನ್ನು ದೇವರ ಕೋಣೆ ಮಾಡಿ ಮಾವನನ್ನು ಅಲ್ಲಿಗೆ ತರುತ್ತೇನೆ. ಆದರೆ ಬ್ಯಾಂಕಿನವರ ಮನೆಯಲ್ಲಿ ಹಿರಿಯರನ್ನು ಕೂರಿಸುವುದಿಲ್ಲ. ನಮ್ಮದು ಅನ್ನುವಷ್ಟು ಆದಮೇಲೆ ತರುತ್ತೇನೆ.

ಎಷ್ಟಾದರೆ ನಮ್ಮದು? ಅದಕ್ಕೂ ಅವಳೇ ಒಂದು ಲೆಕ್ಕ ಹಾಕಿದಳು. ಅಂಗಡಿಯಿಂದ ಮೇಲಿನ ಕೋಣೆಯ ತನಕ ಮೆಟ್ಟಿಲುಗಳು ಹೆಚ್ಚುಕಡಿಮೆ ಮೂವತ್ತು. ಸಾಲದ ವರ್ಷಗಳೂ ಮೂವತ್ತು. ವರ್ಷಕ್ಕೊಂದು ಮೆಟ್ಟಿಲು ನಮ್ಮದಾಗುತ್ತದೆ. ಹೊಸ ವರ್ಷಕ್ಕೆ ಅಕ್ಕಿಯ ಡಬ್ಬಕ್ಕೂ ಬಾಗಿಲಿಗೂ ಕೆಂಪು ಕಾಗದ ಅಂಟಿಸುವುದು ಎಲ್ಲರ ಮನೆಯ ಪದ್ಧತಿ. ಬಿಶ್ಯಾ ಮೆಟ್ಟಿಲಿಗೂ ಅಂಟಿಸತೊಡಗಿದಳು. ಪ್ರತಿ ವರ್ಷ ನನ್ನ ಬಳಿ ಬಂದು ‘ತುಂಬಿತು’ ಎಂಬ ಅರ್ಥದ ಅಕ್ಷರವನ್ನು ಕುಂಚದಿಂದ ಬರೆಸಿಕೊಂಡು ಹೋಗುವಳು. ಹತ್ತನೆಯ ಮೆಟ್ಟಿಲಿನಲ್ಲಿ ಏಣಿಸಾಲು ತಿರುಗುತ್ತದೆ. ಕಾಗದ ಆ ತಿರುವು ಮುಟ್ಟಿದ ವರ್ಷ ಮಾವ ಬರಬೇಕೆಂದು ತೀರ್ಮಾನವಾಯಿತು.

ಅತ್ತೆ ಬುದಾಯ್‌ನಿಂದ ಬಂದಾಗಲೆಲ್ಲ ಕೆಳಗಿನ ಮೆಟ್ಟಿಲ ಮೇಲೆ ಕುಳಿತು ಸೋಯಾ ಹಾಲು ಕುಡಿಯುತ್ತಿದ್ದರು. ಮಂಡಿನೋವಿನಿಂದ ಮೇಲೆ ಹತ್ತಲಾಗುತ್ತಿರಲಿಲ್ಲ. ಕತ್ತು ಹೊರಳಿಸಿ ಕಾಗದಗಳನ್ನು ನೋಡುತ್ತಿದ್ದರು.

“ಎಲ್ಲೀಗಂಟ ಬಂತೇ?”

“ಆರಾಯ್ತತ್ತೆ.”

“ನಿಮ್ಮ ಮಾವ ಜೀವನದಲ್ಲೇ ಇಷ್ಟು ನಿಧಾನ ನಡೆದೋರಲ್ಲ.”

“ಈಗ ವಯಸ್ಸಾಯ್ತಲ್ಲತ್ತೆ, ಹತ್ತಲಿ ಬಿಡಿ ನಿಧಾನಕ್ಕೆ.”

ಏಳನೆಯ ಕಾಗದ ಅಂಟಿಸುವ ಮೊದಲೇ ಅತ್ತೆ ತೀರಿಕೊಂಡರು. ಅವರ ಹೆಸರೂ ಆ ಫಲಕವನ್ನು ಸೇರಿತು. ಮುಂದಿನ ಚಂಡಮಾರುತದಲ್ಲಿ ಬೀರುವಿನ ಮೇಲೆ ಹತ್ತಿ ಕುಳಿತವರು ಇಬ್ಬರು.

ಈ ನಡುವೆ ಗುವೊ ತನ್ನ ಕೆಲಸವನ್ನು ಅಚ್ಚುಕಟ್ಟಾಗಿ ಮಾಡುತ್ತಿದ್ದ. ರಿಯಾಯಿತಿಯ ಮೂರು ವರ್ಷ ಮುಗಿಯುತ್ತ ಬಂದ ಹಾಗೆ ಕಾಗದಪತ್ರ ಹಿಡಿದು ಹಾಜರಾಗುವನು. “ಅಕ್ಕ, ಈ ಬ್ಯಾಂಕಲ್ಲೇ ಇದ್ರೆ ಮುಂದಿನ ತಿಂಗಳಿಂದ ಕಂತು ಎರಡರಷ್ಟಕ್ಕಿಂತ ಜಾಸ್ತಿಯಾಗುತ್ತೆ. ಇನ್ನೊಂದು ಬ್ಯಾಂಕಿಗೆ ಸಾಲ ದಾಟಿಸ್ಬಿಡೋಣ. ಅಲ್ಲಿ ಮತ್ತೆ ಮೂರು ವರ್ಷ ರಿಯಾಯಿತಿ. ಎಲ್ಲರೂ ಮಾಡೋದೇ ಇದು.” ಎಲ್ಲರೂ ಮಾಡುತ್ತಿದ್ದದ್ದು ನಿಜ. ನಮ್ಮ ಓಣಿಯಲ್ಲೇ ನಾಲ್ಕು ಮನೆಯವರು ಹೀಗೆ ಬ್ಯಾಂಕಿನಿಂದ ಬ್ಯಾಂಕಿಗೆ ದಾಟಿದ್ದರು. ದಾಟಿದ ದಿನ ಭೂಮಿದೇವರ ಗುಡಿಗೆ ಹಣ್ಣು ಕೊಟ್ಟು ಬರುತ್ತಿದ್ದರು. ಬಿಶ್ಯಾ ಎರಡು ಸಲ ದಾಟಿದಳು, ಎರಡು ಸಲವೂ ಹಣ್ಣು ಕೊಟ್ಟಳು, ಗುವೊನಿಗೆ ದಲ್ಲಾಳಿ ಹಣದ ಮೇಲೆ ಒಂದು ವಾರದ ತಿಂಡಿಯನ್ನೂ ಪುಕ್ಕಟೆ ಕೊಟ್ಟಳು.

ಒಂಬತ್ತು ಕಾಗದಗಳಾದವು. ತಿರುವಿಗೆ ಇನ್ನೊಂದೇ ಮೆಟ್ಟಿಲು. ಬಡಗಿಯಿಂದ ಪೀಠದ ಮೇಜು ಮಾಡಿಸಿ ತಂದು ಮೇಲಿನ ಕೋಣೆಯಲ್ಲಿ ಬಟ್ಟೆ ಹೊದಿಸಿ ಇಟ್ಟರು. ಪಂಚಾಂಗ ನೋಡಿಸಿ, ಹೊಸ ವರ್ಷಕ್ಕೆ ಮುಂಚಿನ ಒಂದು ಒಳ್ಳೆಯ ದಿನವನ್ನು ಗೊತ್ತುಮಾಡಿದರು. ಅದೇ ವೇಳೆಗೆ ಮೂರನೆಯ ರಿಯಾಯಿತಿಯೂ ಮುಗಿಯುವುದರಲ್ಲಿತ್ತು. ಗುವೊ ನಾಲ್ಕನೆಯ ಬ್ಯಾಂಕಿನ ಅರ್ಜಿ ತಂದಿಟ್ಟು, ಈಗಿನ ಬ್ಯಾಂಕಿನಿಂದ ಬಾಕಿ ಎಷ್ಟೆಂಬ ಚೀಟಿಯೊಂದು ಬೇಕು ಎಂದ. ಯಾವಾಗಲೂ ತಾನೇ ತರುತ್ತಿದ್ದವನು ಅಂದು ಮಗಳ ಶಾಲೆಯ ಕ್ರೀಡಾದಿನವೆಂದು ಹೋದ. ಜಿನ್‌ಫಾ ಲಾರಿಯಲ್ಲಿದ್ದ. “ಮೇಷ್ಟ್ರೇ, ಸಣ್ಣಕ್ಷರ ನನ್ನ ಕಣ್ಣಿಗೆ ಹಿಡಿಯಲ್ಲ, ಜೊತೇಗೆ ಬನ್ನಿ” ಎಂದು ಬಿಶ್ಯಾ ಕರೆದಳು. ಹೋದೆ.

ಬ್ಯಾಂಕಿನ ಕಿಟಕಿಯಲ್ಲಿದ್ದ ಹುಡುಗಿಗೆ ಇಪ್ಪತ್ತೈದಿರಬಹುದು.

“ಎಷ್ಟು ಬಾಕಿ ಇದೆ ನೋಡಮ್ಮ ಸುಂದರಿ.”

“ಎಪ್ಪತ್ತು ಲಕ್ಷ, ಆಂಟಿ.”

“ಅದು ನಾವು ತಗೊಂಡಿದ್ದು ಕಣಮ್ಮ. ಇನ್ನು ಕಟ್ಟೋದು ಎಷ್ಟಿದೆ ಅಂತ ಕೇಳ್ದೆ.”

“ಅದೇ ಆಂಟಿ, ಎಪ್ಪತ್ತೇ.”

“ಒಂಬತ್ತು ವರ್ಷ ಕಟ್ಟಿದೀನಲ್ಲಮ್ಮ! ಒಂದು ತಿಂಗಳೂ ತಪ್ಪಿಸಿಲ್ಲ.”

ಹುಡುಗಿ ಮತ್ತೊಮ್ಮೆ ಪರದೆಯನ್ನು ನೋಡಿದಳು. ಪಾಪ, ಅವಳಿಗೂ ಮುಜುಗರವಾಗಿತ್ತು. “ಹಿಂದಿನ ಬ್ಯಾಂಕಿಂದ ನಮಗೆ ಬಂದಾಗ್ಲೂ ಎಪ್ಪತ್ತೇ ಇತ್ತು ಆಂಟಿ. ನೀವು ಕಟ್ಟಿರೋದೆಲ್ಲ ಬಡ್ಡಿ. ರಿಯಾಯಿತಿ ಅಂದ್ರೆ ಬರೀ ಬಡ್ಡಿ ಕಟ್ಟೋದು. ಅಸಲು ಇನ್ನೂ ಶುರುವೇ ಆಗಿಲ್ಲ.”

ಬಿಶ್ಯಾ ಚೀಟಿಯನ್ನು ತೆಗೆದುಕೊಂಡು ನಾಲ್ಕಾಗಿ ಮಡಚಿ ಏಪ್ರನ್ನಿನ ಜೇಬಿಗೆ ಹಾಕಿಕೊಂಡಳು. ಅಂಗಡಿಗೆ ಬಂದು ಏಣಿಸಾಲಿನ ಬುಡದಲ್ಲಿ ನಿಂತು ಆ ಒಂಬತ್ತು ಕಾಗದಗಳನ್ನು ಕೆಳಗಿನಿಂದ ಮೇಲಕ್ಕೆ ನೋಡಿದಳು.

“ಹಾಗಾದ್ರೆ ಮೇಷ್ಟ್ರೇ, ಇಲ್ಲಿ ನಮ್ದು ಯಾವುದು?”

ಕುಳಿತು ಲೆಕ್ಕ ಹಾಕಿದೆವು. ಅವಳ ಬಾಯಿಲೆಕ್ಕ, ನನ್ನ ಪೆನ್ಸಿಲು. ಮುಂಗಡವಾಗಿ ಕೊಟ್ಟ ಇಪ್ಪತ್ತು ಲಕ್ಷ ಮನೆಯ ಐದನೆಯ ಒಂದು ಪಾಲಿಗಿಂತ ಸ್ವಲ್ಪ ಹೆಚ್ಚು. ಅಂದರೆ ಅಂಗಡಿಯ ಬಾಗಿಲಿನಿಂದ ಕಾವಲಿ ದಾಟಿ ಫ್ರಿಜ್ಜಿನವರೆಗಿನ ನೆಲ. ಮನೆಗೆ ಬಂದ ಮೊದಲ ದಿನವೂ ಅಷ್ಟೇ ಅವರದು. ಒಂಬತ್ತು ವರ್ಷದ ನಂತರವೂ ಅಷ್ಟೇ. ಕಟ್ಟಿದ ಹನ್ನೆರಡೂವರೆ ಲಕ್ಷ, ಬ್ಯಾಂಕು ದಾಟಿದಾಗಲೆಲ್ಲ ಕೊಟ್ಟ ಖರ್ಚು ಬೇರೆ, ಒಂದು ಮೆಟ್ಟಿಲನ್ನೂ ಕೊಂಡಿರಲಿಲ್ಲ. ಇನ್ನು ಈಗಿನ ಬ್ಯಾಂಕಿನಲ್ಲೇ ಉಳಿದು ಅಸಲು ಕಟ್ಟಲು ತೊಡಗಿದರೆ, ಅವರ ಕರಾರಿನಂತೆ ಉಳಿದಿರುವುದು ಇಪ್ಪತ್ತೇ ವರ್ಷ. ಬಡ್ಡಿಯೂ ಏರಿದೆ. ತಿಂಗಳಿಗೆ ಮೂವತ್ತೇಳು ಸಾವಿರದ ಹತ್ತಿರ. ಕೊನೆಯವರೆಗೆ ಕೂಡಿದರೆ ಎಂಬತ್ತೆಂಟು ಲಕ್ಷ. ಹಿಂದೆ ಕಟ್ಟಿದ್ದೂ ಸೇರಿದರೆ ಒಂದು ಕೋಟಿ ದಾಟುತ್ತದೆ. ತೆಗೆದುಕೊಂಡದ್ದು ಎಪ್ಪತ್ತು. ಮೊದಲ ತಿಂಗಳಿನಿಂದಲೇ ಅಸಲು ಸೇರಿಸಿ ಕಟ್ಟಿದ್ದರೆ ತಿಂಗಳಿಗೆ ಇಪ್ಪತ್ತಾರು ಸಾವಿರ ಸಾಕಾಗುತ್ತಿತ್ತು. ಇಷ್ಟು ಹೊತ್ತಿಗೆ ಕಾಗದಗಳಲ್ಲಿ ಬಹುಪಾಲು ನಿಜವಾಗಿರುತ್ತಿದ್ದವು.

ಬಡ್ಡಿ ತೆಗೆದುಕೊಳ್ಳುವುದು ತಪ್ಪೆಂದು ನಾನು ಹೇಳುವುದಿಲ್ಲ. ಹಣ ಕೊಟ್ಟವನು ಬಡ್ಡಿ ಕೇಳುತ್ತಾನೆ; ಅದು ಲೋಕದ ವ್ಯವಹಾರ. ನನ್ನ ಮೈ ಉರಿಯುವುದು ಬೇರೆ ಕಾರಣಕ್ಕೆ. ಬಿಶ್ಯಾಳ ಅಂಗಡಿಯ ಗೋಡೆಯ ಮೇಲೆ ಮೊಟ್ಟೆ ರೊಟ್ಟಿಗೆ ಇಷ್ಟು, ಕಡುಬಿಗೆ ಇಷ್ಟು, ಚಹಾಕ್ಕೆ ಇಷ್ಟು ಎಂದು ಅಂಗೈಯಗಲದ ಅಕ್ಷರಗಳಲ್ಲಿ ಬರೆದಿದೆ. ಮೂವತ್ತೈದು ಯುವಾನಿನ ರೊಟ್ಟಿಯ ಬೆಲೆಯನ್ನು ಮುಚ್ಚಿಟ್ಟು ಮಾರಿದರೆ ಗಿರಾಕಿಗಳು ತಟ್ಟೆ ಎಸೆದು ಹೋಗುತ್ತಾರೆ. ಒಂದು ಕೋಟಿಯ ವ್ಯಾಪಾರದಲ್ಲಿ, ಮೂರು ಬ್ಯಾಂಕುಗಳ ಮೂರು ಕಂತೆ ಕಾಗದಗಳಲ್ಲಿ, ಒಂಬತ್ತು ವರ್ಷ ದಿನಾ ಎದುರಿಗೆ ಕುಳಿತು ತಿಂದವನ ಬಾಯಲ್ಲಿ, ಕೊನೆಗೆ ಒಟ್ಟು ಎಷ್ಟು ಎಂಬ ಆ ಒಂದು ಸಂಖ್ಯೆ ಬರಲಿಲ್ಲ! ತಿಂಗಳಿಗೆ ಎಷ್ಟು ಎಂದು ಹೇಳಿದರು. ಅದನ್ನು ಕಂತು ಎಂದು ಕರೆದರು. ಕಂತು ಕಟ್ಟಿದರೆ ಸಾಲ ತೀರುತ್ತದೆಂದು ಯಾವ ಮನುಷ್ಯನಾದರೂ ತಿಳಿಯುತ್ತಾನೆ. ಹಾಗೆ ತಿಳಿಯಲಿ ಎಂದೇ ಸುಮ್ಮನಿದ್ದರು.

ಮರುದಿನ ಬೆಳಿಗ್ಗೆ ಗುವೊ ಎಂದಿನಂತೆ ಬಂದು ತನ್ನ ಜಾಗದಲ್ಲಿ ಕುಳಿತ. ಮೂಲೆಯಲ್ಲಿ ನಾನಿದ್ದೆ, ಲಾರಿ ಇಳಿದು ಬಂದಿದ್ದ ಜಿನ್‌ಫಾನೂ ಇದ್ದ.

“ಅಕ್ಕ, ಎರಡು ಮೊಟ್ಟೆ. ಚೀಟಿ ಸಿಕ್ತಾ?”

“ಸಿಕ್ತು, ಗುವೊ ಅವರೇ.”

ಸುಂದರಾಂಗ ಅಲ್ಲ, ಗುವೊ ಅವರೇ. ಪಕ್ಕದ ಮೇಜಿನವರೂ ತಲೆ ಎತ್ತಿದರು.

“ಏನಕ್ಕ, ಹೊಸಬರನ್ನ ಕರೆದ ಹಾಗೆ...”

“ಹೊಸದಾಗಿ ಗೊತ್ತಾಯ್ತಲ್ಲ ನಿಮ್ಮ ಪರಿಚಯ. ಒಂಬತ್ತು ವರ್ಷದಲ್ಲಿ ಅಸಲು ಎಷ್ಟು ಇಳೀತು ಅಂತ ಹೇಳ್ಬಿಡಿ, ಆಮೇಲೆ ತಿಂಡಿ.”

ಗುವೊ ನಕ್ಕ. “ಅಯ್ಯೋ ಅಕ್ಕ, ಅಸಲು ಯಾರು ನೋಡ್ತಾರೆ ಈ ಕಾಲದಲ್ಲಿ? ಮನೆ ಬೆಲೆ ಎಷ್ಟಾಗಿದೆ ಗೊತ್ತಾ? ದೊಡ್ಡ ಕಾರ್ಖಾನೆ ಬರುತ್ತೆ ಅಂದಾಗಿಂದ ಈ ಓಣೀಲಿ ಒಂದೂವರೆ ಕೋಟಿ ಕೇಳ್ತಿದಾರೆ. ನೀವು ಕೂತಲ್ಲೇ ಶ್ರೀಮಂತರಾಗಿದೀರಿ!”

“ಆ ಐಶ್ವರ್ಯನ ಎಲ್ಲಿಂದ ಕೊಯ್ದು ತಿನ್ನಲಿ? ಮೆಟ್ಟಿಲಿಂದಲಾ, ಮಾಳಿಗೆಯಿಂದಲಾ? ಮಾರಿದ್ರೆ ಕಾವಲಿ ಎಲ್ಲಿ ಇಡ್ಲಿ, ನಿಮ್ಮ ತಲೆ ಮೇಲಾ?”

“ಮಾರ್ಬೇಡಿ. ದಾಟಿಸಿ ಅಷ್ಟೆ. ಬೆಲೆ ಏರಿದೆ, ಹೊಸ ಬ್ಯಾಂಕು ಇನ್ನೂ ಇಪ್ಪತ್ತು ಲಕ್ಷ ಜಾಸ್ತಿ ಕೊಡುತ್ತೆ. ಮತ್ತೆ ಮೂರು ವರ್ಷ ಹಗುರ.”

“ಹಗುರ ಯಾರಿಗೆ? ನನಗೀಗ ಐವತ್ತೆಂಟು. ಈಗ ಶುರು ಮಾಡಿದ್ರೇ ಎಪ್ಪತ್ತೆಂಟರ ತನಕ ಮೊಟ್ಟೆ ಒಡೀಬೇಕು. ಇನ್ನು ಮೂರು ವರ್ಷ ನಿಮ್ಮ ಮಾತು ಕೇಳಿದ್ರೆ ಗೋರಿಯಿಂದ ಎದ್ದು ಬಂದು ಒಡೀಬೇಕಾಗುತ್ತೆ.” ಸೌಟಿನಿಂದ ಏಣಿಸಾಲಿನ ಕಡೆ ತೋರಿಸಿದಳು. “ಅಲ್ಲಿ ಕೂತ್ಕೊಂಡು ನಮ್ಮತ್ತೆ ಎಲ್ಲೀಗಂಟ ಬಂತೇ ಅಂತ ಕೇಳ್ತಿದ್ರು. ನೀವೂ ಇಲ್ಲೇ ಇದ್ರಿ, ಇದೇ ಕುರ್ಚೀಲಿ. ಆರಾಯ್ತು ಅಂತ ನಾನು ಹೇಳಿದ್ದು ಕಿವಿಗೆ ಬಿದ್ದಿತ್ತು ತಾನೇ? ಒಂದೂ ಆಗಿಲ್ಲ ಅಕ್ಕ ಅಂತ ಹೇಳೋಕೆ ನಿಮ್ಮ ಬಾಯಲ್ಲಿ ಏನಿತ್ತು? ನನ್ನ ರೊಟ್ಟಿ ಇತ್ತು!”

ಗುವೊ ಏನೋ ಹೇಳಲು ಹೋದ. ಅಷ್ಟರಲ್ಲಿ ಜಿನ್‌ಫಾ, ಅಪರೂಪಕ್ಕೆ, ಬಾಯಿಬಿಟ್ಟ.

“ಸಹಿ ಹಾಕಲ್ಲ. ಭಾನುವಾರದ ಲಾರಿಗೂ ನಾನೇ ಹೋಗ್ತೀನಿ.”

ಗುವೊ ಅರ್ಜಿಯನ್ನು ಚೀಲಕ್ಕೆ ಹಾಕಿಕೊಂಡು ಎದ್ದ. ಬಿಶ್ಯಾ ಅವನಿಗೆ ರೊಟ್ಟಿ ಕೊಟ್ಟೇ ಕಳಿಸಿದಳು. ಕಟ್ಟಿಕೊಟ್ಟದ್ದಕ್ಕೆ ಪೂರಾ ದುಡ್ಡು ಎಣಿಸಿಕೊಂಡಳು.

ಸಹಿ ಹಾಕುವುದಿಲ್ಲ ಎನ್ನುವುದು ಸುಲಭ, ಮೂವತ್ತೇಳು ಸಾವಿರ ಹೊಂದಿಸುವುದು ಸುಲಭವಲ್ಲ. ರೊಟ್ಟಿಗೆ ಐದು ಯುವಾನ್ ಏರಿಸಿದಳು, ಗಿರಾಕಿಗಳು ಗೊಣಗಿದರು. ಜಿನ್‌ಫಾ ಭಾನುವಾರವೂ ಲಾರಿ ಹತ್ತಿದ. ಆದರೂ ಸಾಲದು. ಬಾಡಿಗೆಗೆ ಕೊಡಬಹುದಾದ ಜಾಗ ಮನೆಯಲ್ಲಿ ಒಂದೇ ಇತ್ತು: ಮೇಲಿನ ಅಂತಸ್ತು. ದೇವರ ಕೋಣೆಯೆಂದು ಒಂಬತ್ತು ವರ್ಷ ಗುಡಿಸಿ ಒರೆಸಿ ಖಾಲಿ ಇಟ್ಟಿದ್ದ ಕೋಣೆ. ಆಸ್ಪತ್ರೆಯ ಇಬ್ಬರು ನರ್ಸುಗಳು ಬಂದು ನೋಡಿ, ಕಿಟಕಿ ಚೆನ್ನಾಗಿದೆ ಎಂದರು. ಬಡಗಿ ಮಾಡಿದ ಮೇಜನ್ನು ಜಿನ್‌ಫಾ ಬೆನ್ನ ಮೇಲೆ ಹೊತ್ತು ಕೆಳಗಿಳಿಸಿದ. ಆ ದಿನ ಅವನ ಮುಖ ನೋಡಲಾಗಲಿಲ್ಲ. ಆ ಮೇಜು ಇಳಿದು ಬಂದ ಒಂದೊಂದು ಮೆಟ್ಟಿಲಿಗೂ ಯಾರು ಉತ್ತರ ಹೇಳಬೇಕು? ಕೇಳಿದರೆ, ಎಲ್ಲವೂ ಕಾಗದದಲ್ಲಿ ಬರೆದಿತ್ತಲ್ಲ ಎನ್ನುತ್ತಾರೆ.

ಬುದಾಯ್‌ನ ಅಣ್ಣನಿಗೆ ಫೋನು ಮಾಡಿ ಮುಹೂರ್ತ ರದ್ದು ಎನ್ನಬೇಕಾಯಿತು. ಬಿಶ್ಯಾ ಫೋನನ್ನು ಕೈಗೆತ್ತಿಕೊಂಡಳು. ಮೇಜು ಫ್ರಿಜ್ಜಿನ ಪಕ್ಕದ ಗೋಡೆಗೆ ಒರಗಿಕೊಂಡು ನಿಂತಿತ್ತು. ಬೇರೆಲ್ಲೂ ಇಡಲು ಜಾಗವಿರಲಿಲ್ಲ. ಅವಳು ಮೇಜನ್ನು ನೋಡಿದಳು, ಅದರ ಕೆಳಗಿನ ನೆಲವನ್ನು ನೋಡಿದಳು, ಆಮೇಲೆ ನನ್ನನ್ನು.

“ಮೇಷ್ಟ್ರೇ, ಇದು ನಮ್ದು ತಾನೇ? ಫ್ರಿಜ್ಜಿನ ತನಕ?”

“ನಿಮ್ದೇ ಕಣಮ್ಮ. ನಿಮ್ಮ ತಾಯಿಯ ಬಂಗಾರದ್ದು.”

ಫೋನು ಹಚ್ಚಿದಳು. “ಭಾವ, ಅದೇ ದಿನ ಕರ್ಕೊಂಡು ಬನ್ನಿ ಅವರನ್ನ. ಮೇಲಲ್ಲ, ಕೆಳಗೆ ಅಂಗಡೀಲಿ ಕೂರಿಸ್ತೀವಿ.”

ಅಣ್ಣನ ಕೂಗು ನನಗೂ ಕೇಳಿಸಿತು. “ಹುಚ್ಚು ಹಿಡಿದಿದ್ಯೇನಮ್ಮ? ಹಿರಿಯರ ತಲೆ ಮೇಲೆ ಜನ ಓಡಾಡ್ತಾರೆ! ಎಣ್ಣೆ ಹೊಗೆ! ಎಲ್ಲಾದ್ರೂ ಉಂಟಾ?”

“ಅಲ್ಲಿ ಬೀರು ಮೇಲೆ ಕಂಬಳಿ ಮಧ್ಯೆ ಕೂತಿಲ್ವಾ ಭಾವ? ಇಲ್ಲಿ ನೀರು ಬರಲ್ಲ. ಮೇಲಿನ ಕೋಣೆ ಬ್ಯಾಂಕಿಂದು, ಈ ನೆಲ ನಮ್ದು. ಅತ್ತೆಗೆ ಮೆಟ್ಟಿಲು ಹತ್ತೋಕೂ ಆಗ್ತಿರಲಿಲ್ಲ, ಮರೆತ್ರಾ?”

ಗೊತ್ತುಮಾಡಿದ ದಿನವೇ ಅವರು ಬಂದರು. ಅಣ್ಣ ಹಿರಿಯರಿಗೆ ಬಿಸಿಲು ತಾಕದಂತೆ ಕೊಡೆ ಹಿಡಿದಿದ್ದ, ಜಿನ್‌ಫಾ ಫಲಕವನ್ನು ಎದೆಗವಚಿಕೊಂಡಿದ್ದ. ರಸ್ತೆ ದಾಟುವಾಗ, “ಅಪ್ಪ, ಅಮ್ಮ, ಇಲ್ಲಿ ಎಡಕ್ಕೆ ತಿರುಗ್ಬೇಕು, ಹುಷಾರು” ಎಂದು ಹೇಳುತ್ತ ಬಂದ. ಫ್ರಿಜ್ಜಿನ ಪಕ್ಕದ ಗೋಡೆಗೆ ಬಿಳಿ ಬಣ್ಣ ಬಳಿದು, ಹೊಗೆ ತಾಕದಂತೆ ಗಾಜಿನ ಮರೆ ಕಟ್ಟಿಸಿ ಪೀಠ ಇಟ್ಟಿದ್ದರು. ಬಿಶ್ಯಾ ಮೊದಲ ಊದುಬತ್ತಿ ಹಚ್ಚಿ, ಒಂದು ಲೋಟ ಬಿಸಿ ಸೋಯಾ ಹಾಲನ್ನು ಅತ್ತೆಯ ಮುಂದೆ ಇಟ್ಟಳು.

ಮೆಟ್ಟಿಲಿನ ಒಂಬತ್ತು ಕಾಗದಗಳನ್ನೂ ಅವಳು ಬಿಸಿನೀರು ಹಾಕಿ ನೆನೆಸಿ, ಕಾವಲಿ ಕೆರೆಯುವ ಸಟ್ಟುಗದಿಂದಲೇ ಕೆರೆದು ತೆಗೆದಳು. ಅಂಟು ಇನ್ನೂ ಅಲ್ಲಲ್ಲಿ ಉಳಿದಿದೆ. ನರ್ಸುಗಳ ಚಪ್ಪಲಿ ಅದಕ್ಕೆ ಹಿಡಿದು ಚಟ್ ಚಟ್ ಎನ್ನುತ್ತದೆ. ಹತ್ತಿ ಇಳಿಯುವಾಗ ಆ ಹುಡುಗಿಯರು ಪೀಠದ ಕಡೆ ತಲೆ ಬಾಗಿಸಿ ಹೋಗುತ್ತಾರೆ, ಯಾರೂ ಹೇಳಿಕೊಡಲಿಲ್ಲ. ಈ ಹೊಸ ವರ್ಷಕ್ಕೆ ಅಕ್ಕಿ ಡಬ್ಬಕ್ಕೆ ಮಾತ್ರ ಕಾಗದ ಬರೆಸಿಕೊಂಡಳು. “ಮೆಟ್ಟಿಲಿಗೆ ಮುಂದಿನ ವರ್ಷ, ಮೇಷ್ಟ್ರೇ. ಚೀಟಿ ನೋಡಿದ ಮೇಲೆ ಅಂಟಿಸೋದು.”

ಎದುರಿನ ಖಾಲಿ ಜಾಗದಲ್ಲಿ ಈಗ ಹನ್ನೆರಡು ಅಂತಸ್ತಿನ ಕಟ್ಟಡ ಏಳುತ್ತಿದೆ. ಬೇಲಿಯ ಉದ್ದಕ್ಕೂ ಬಣ್ಣದ ಫಲಕ: ಮೊದಲ ಮೂರು ವರ್ಷ ಬಾಡಿಗೆಗಿಂತ ಹಗುರ! ಮೊನ್ನೆ ಬೆಳಿಗ್ಗೆ ಗುವೊ ಒಂದು ಎಳೆಯ ಜೋಡಿಯನ್ನು ಅಲ್ಲಿಗೆ ಕರೆತಂದಿದ್ದ. ಹುಡುಗಿ ಬಸುರಿ. ನೋಡಿ ಮುಗಿದ ಮೇಲೆ ಹಸಿವಾಗಿ ಗಂಡಹೆಂಡಿರಿಬ್ಬರೂ ಬಿಶ್ಯಾಳ ಅಂಗಡಿಗೆ ಬಂದರು. ಗುವೊ ಮಾತ್ರ ಒಳಗೆ ಬರಲಿಲ್ಲ; ರಸ್ತೆಯಾಚೆ ಫಲಕದ ಕೆಳಗೆ ಫೋನು ಒತ್ತುತ್ತ ನಿಂತಿದ್ದ.

ಬಿಶ್ಯಾ ಹುಡುಗಿಯ ತಟ್ಟೆಗೆ ಕೇಳದೆಯೇ ಇನ್ನೊಂದು ಮೊಟ್ಟೆ ಹಾಕಿದಳು.

“ಸುಂದರಿ, ಮನೆ ಇಷ್ಟ ಆಯ್ತಾ?”

“ಆಯ್ತು ಆಂಟಿ. ತಿಂಗಳಿಗೆ ಹದಿನಾಲ್ಕು ಸಾವಿರ ಅಷ್ಟೇ ಅಂತೆ.”

“ತಿಂಗಳದ್ದು ಬಿಡು. ಹೋಗಿ ಅವರನ್ನ ಒಂದೇ ಮಾತು ಕೇಳು, ಕೊನೇ ದಿನದ ತನಕ ಕೂಡಿದ್ರೆ ಒಟ್ಟು ಎಷ್ಟು ಅಂತ. ಬಾಯಲ್ಲಿ ಹೇಳಿದ್ರೆ ಸಾಲ್ದು, ಇಷ್ಟು ದಪ್ಪಗೆ ಬರೆದು ಕೊಡ್ಲಿ.” ಗೋಡೆಯ ಮೇಲಿನ ರೊಟ್ಟಿಯ ಬೆಲೆಯನ್ನು ಸಟ್ಟುಗದಿಂದ ತೋರಿಸಿದಳು. ಆಮೇಲೆ ರಸ್ತೆಯಾಚೆಗೂ ಕೇಳಿಸುವಂತೆ ದನಿ ಎತ್ತಿದಳು. “ಬರೆದು ಕೊಡಲ್ಲ ಅಂದ್ರೆ ಇಲ್ಲಿಗೆ ಬಾ. ನಮ್ಮತ್ತೆ ಇಲ್ಲೇ ಕೂತಿದಾರೆ, ಅವರ ಮುಂದೆ ಕೂತು ನಾನೇ ಕೂಡಿ ಕೊಡ್ತೀನಿ.”

ಗುವೊ ಫೋನಿನಿಂದ ತಲೆ ಎತ್ತಲಿಲ್ಲ. ಹುಡುಗಿ ಎರಡನೆಯ ಮೊಟ್ಟೆಯನ್ನು ತಿಂದು ಮುಗಿಸಿ, ಬಾಯಿ ಒರೆಸಿಕೊಂಡು, ರಸ್ತೆ ದಾಟಲು ಎದ್ದಳು.